ಹಸಿ ಅಂಟು

ಕಾಗದ ಕತ್ತರಿಸುವ ಯಂತ್ರಕ್ಕೆ ಕೈ ಸಿಗದಂತೆ ತಡೆಯುವ ಪಟ್ಟಿಯನ್ನು ಬೈಂಡಿಂಗ್ ಅಂಗಡಿಯ ಮಾಲೀಕ ಬಿಚ್ಚಿಸಿದ. ಮೂರನೇ ದಿನ ಯಂತ್ರ ಅವಳ ಎಡಗೈಯ ಎರಡು ಬೆರಳು ತೆಗೆಯಿತು. ತಪ್ಪು ಅವಳದೇ ಎಂದು ನ್ಯಾಯಾಲಯ ಆದೇಶ ಮಾಡಿತು.

ಹದಿನೇಳು ವರ್ಷ ಪುಸ್ತಕ ಹೊಲಿದು ಅವುಗಳ ಬೆನ್ನಿಗೆ ಅಂಟು ಹಚ್ಚಿದ ಕೈ ಅದು.

"ಮೇಲ್ಮನವಿಗೆ ಮೂವತ್ತು ದಿನ ಗಡುವು," ಎಂದಿದ್ದಳು ವಕೀಲೆ, ಆದೇಶವಾದ ದಿನವೇ. "ಆದೇಶದ ನಕಲು ಇಲ್ದೆ ಹೋದ್ರೆ ಮೇಲಿನ ಕೋರ್ಟು ಮೂಸಿ ಕೂಡ ನೋಡಲ್ಲ. ನಕಲಿಗೆ ಅರ್ಜಿ ಹಾಕಿದ ದಿನದಿಂದ ಅದು ಸಿದ್ಧವಾಗೋವರೆಗೂ ಗಡುವು ಓಡಲ್ಲ. ಇವತ್ತೇ ಹಾಕಿಬಿಡು."

ಅವತ್ತೇ ಹಾಕಿದಳು. ಆಮೇಲೆ ಪ್ರತಿ ಸೋಮವಾರ ಅತ್ತಿಗೆಯ ಜೊತೆ ನಕಲು ವಿಭಾಗದ ಕಿಟಕಿಯ ಮುಂದೆ ನಿಂತಳು. "ಟೈಪಿಗೆ ಹೋಗಿದೆ." "ಸಹಿಗೆ ಹೋಗಿದೆ." "ಸಾಹೇಬ್ರು ರಜೆ." ಗುಮಾಸ್ತನಿಗೆ ಅತ್ತಿಗೆ 'ನಾಳೆರಾಯ' ಎಂದು ಹೆಸರಿಟ್ಟಳು. ಆರು ಸೋಮವಾರ ಹೀಗೇ ಸವೆದವು, ಜೊತೆಗೆ ಚಪ್ಪಲಿಯೂ.

ಏಳನೆಯ ಸೋಮವಾರ ನಾಳೆರಾಯ ನಕಲನ್ನೂ ದಪ್ಪ ರಿಜಿಸ್ಟರನ್ನೂ ಕಿಟಕಿಯ ಕಟ್ಟೆಗೆ ತಳ್ಳಿದ.

"ತಲುಪಿತು ಅಂತ ಸಹಿ ಹಾಕಮ್ಮ. ತಾರೀಕು ನಾನೇ ಬರ್ದಿದೀನಿ."

ತಾರೀಕು ನೋಡಿದಳು. ಆದೇಶವಾದ ಐದನೇ ದಿನದ್ದು. ನಕಲಿನ ಮೇಲೆ 'ಸಿದ್ಧವಾದ ದಿನ' ಎಂಬಲ್ಲಿಯೂ ಅದೇ ಮುದ್ರೆ. ಆ ಲೆಕ್ಕದಲ್ಲಿ ಗಡುವು ತೀರಿ ಎರಡು ವಾರವಾಗಿತ್ತು. ಬೆರಳು ಕತ್ತರಿಸಲು ಯಂತ್ರವಾದರೂ ಬೇಕಾಯಿತು, ಬಾಯಿ ಕತ್ತರಿಸಲು ಇವರಿಗೆ ಒಂದು ರಬ್ಬರ್ ಮುದ್ರೆ ಸಾಕು.

"ಇದೇನಣ್ಣ, ಹೋದ ವಾರ ಕೂಡ ಸಹಿಗೆ ಹೋಗಿದೆ ಅಂದ್ರಲ್ಲ?"

"ಕಪಾಟಲ್ಲೇ ಇತ್ತು, ಕಣ್ಣಿಗೆ ಬಿದ್ದಿರಲಿಲ್ಲ. ಈಗ ಸಿಕ್ತಲ್ಲ!"

ಅವಳು ನಕಲು ಎತ್ತಿಕೊಂಡಳು. ಓದಲಿಲ್ಲ. ಬೆನ್ನಿನ ಬಟ್ಟೆಪಟ್ಟಿಯ ಮೇಲೆ ಹೆಬ್ಬೆರಳು ಒತ್ತಿ ಎಳೆದಳು. ಪಟ್ಟಿ ಜಾರಿತು. ಮೂಗಿಗೆ ಹಿಡಿದಳು. ಹಿಟ್ಟು ಕುದಿಸಿದ ವಾಸನೆ.

"ಅಂಟು ಹಾಕಿ ಒಂದು ಗಂಟೆ ಆಗಿಲ್ಲ. ನಲವತ್ತನಾಲ್ಕು ದಿನ ಕಪಾಟಲ್ಲಿತ್ತಾ?"

"ಸೆಕೆಗೆ ಬೆವರಿರಬೇಕು."

"ನೋಡ್ರಪ್ಪಾ," ಅತ್ತಿಗೆ ಹಿಂದಿನ ಸಾಲಿಗೆ ಕೇಳುವಂತೆ ಕೂಗಿದಳು, "ಸುಳ್ಳು ಹೇಳೋನು ಬೆವರಲ್ವಂತೆ, ಕಾಗದ ಬೆವರುತ್ತಂತೆ!"

ಸಾಲು ನಕ್ಕಿತು. ನಾಳೆರಾಯ ನಗಲಿಲ್ಲ. ಮುಂದಕ್ಕೆ ಬಾಗಿ ದನಿ ತಗ್ಗಿಸಿದ.

"ತಾಯೀ, ಐದು ದಿನದೊಳಗೆ ಕೊಡಬೇಕು ಅಂತ ನಿಯಮ. ತಡ ಅಂತ ತೋರಿಸಿದ್ರೆ ನನಗೆ ನೋಟಿಸು. ಎಲ್ರೂ ಹೀಗೇ ಹಾಕ್ತಾರೆ."

ಎಲ್ಲರೂ. ಅವಳು ರಿಜಿಸ್ಟರಿನ ಪುಟ ನೋಡಿದಳು. ಮೇಲಿಂದ ಕೆಳಗೆ ಐದನೇ ದಿನ, ಐದನೇ ದಿನ, ಐದನೇ ದಿನ. ಎದುರಿಗೆ ಸಹಿಗಳು, ಹೆಬ್ಬೆಟ್ಟುಗಳು. ಇಷ್ಟು ಜನರ ಗಡುವನ್ನು ಈ ಒಂದು ಪೆನ್ನು ನುಂಗಿತ್ತು.

"ಇವತ್ತಿನ ತಾರೀಕು ಬರಿ. ಈಗಲೇ ಸಹಿ ಹಾಕ್ತೀನಿ."

"ಆಗಲ್ಲ. ಸಹಿ ಇಲ್ದಿದ್ರೆ ನಕಲೂ ಇಲ್ಲ. ಇಲ್ಲಿ ಕೊಡು." ರಿಜಿಸ್ಟರು ಮುಚ್ಚಲು ಅವನು ಕೈ ಚಾಚಿದ.

ಅವಳು ನಕಲನ್ನು ತೆರೆದ ಪುಟದ ಮೇಲಿಟ್ಟು, ಅದರ ಮೇಲೆ ಮೂರು ಬೆರಳಿನ ಎಡಗೈ ಊರಿದಳು.

"ನಿಮ್ಮ ಮೇಲಿನವರನ್ನ ಕರಿ. ಅಂಟು ಒಣಗೋದ್ರೊಳಗೆ ಕರಿ. ಅವರೂ ಮುಟ್ಟಿ ನೋಡ್ಲಿ."

"ಕೈ ತೆಗಿ."

"ತೆಗೆಯಲ್ಲ."