ಮೇಲ್ಸೇತುವೆಯ ಮೇಲೆ ಮೂವತ್ತನಾಲ್ಕು ವರ್ಷ

ಮಾತು ಆಡಿದರೆ ಹೋಯಿತು, ಎಂಜಿನ್ ಆರಿದರೆ ಹೋಯಿತು. ಹಿರಿಯರು ಮುತ್ತಿನ ವಿಷಯ ಏನೋ ಹೇಳಿದ್ದರು. ನಮ್ಮ ಮನೆಯಲ್ಲಿ ಮುತ್ತಿಲ್ಲ, ಒಂದು ಹಳೇ ಕಾರಿದೆ. ಅದಕ್ಕೇ ಗಾದೆಯನ್ನು ಸ್ವಲ್ಪ ರಿಪೇರಿ ಮಾಡಿಕೊಂಡಿದ್ದೇನೆ. ಮುಂದೆ ಹೇಳುವುದು ಮಾತ್ರ ರಿಪೇರಿಯಿಲ್ಲದ ನಿಜ. ಇದರಲ್ಲಿ ಸುಳ್ಳು ಹೇಳಿದ್ದು ನನ್ನ ಗಂಟಲೊಂದೇ.

ಆ ಗಂಟಲು ಡಿಗ್ರಿ ಓದುವಾಗ ಪ್ರಿನ್ಸಿಪಾಲರ ಧ್ವನಿಯಲ್ಲಿ ಮೈಕ್ ಹಿಡಿದು ಇಡೀ ಕಾಲೇಜಿಗೆ ಎರಡು ಪೀರಿಯಡ್ ರಜಾ ಕೊಟ್ಟದ್ದು. ಮಿಮಿಕ್ರಿ ಗಂಟಲಿನ ಕೆಲಸ ಎಂದು ಜನ ತಿಳಿದಿದ್ದಾರೆ. ಅಲ್ಲ, ಕಿವಿಯ ಕೆಲಸ. ಹಾರ್ನ್ ಕೇಳಿದರೆ ಸಾಕು, ಬಸ್ಸೋ, ನೀರಿನ ಟ್ಯಾಂಕರೋ, ಸಾಮಾನಿನ ಆಟೋವೋ, ಕಣ್ಣು ಮುಚ್ಚಿಕೊಂಡು ಹೇಳುತ್ತೇನೆ. ಆ ದಿನ ಆ ವಿದ್ಯೆ ಇಲ್ಲದಿದ್ದರೆ ಚೆನ್ನಾಗಿತ್ತು ಅನ್ನಿಸಿತ್ತು.

ನನ್ನ ದೊಡ್ಡಪ್ಪ ವೆಂಕಟರಮಣಪ್ಪ ರಾಜಾಜಿನಗರದ ಕೈಗಾರಿಕಾ ಎಸ್ಟೇಟಿನ ಒಂದು ಕಾರ್ಖಾನೆಯಲ್ಲಿ ಸ್ಟಾಫ್ ಬಸ್ ಓಡಿಸಿದವರು. ಮೂವತ್ತನಾಲ್ಕು ವರ್ಷ. ಒಂದು ಗೀರಿಲ್ಲ, ಒಂದು ದಂಡವಿಲ್ಲ. ನಿವೃತ್ತರಾದ ಮೇಲೂ ಅದೇ ವ್ರತ. ಖಾಲಿ ರಸ್ತೆಯಲ್ಲೂ ಇಂಡಿಕೇಟರ್ ಹಾಕುತ್ತಾರೆ. ಊಟಕ್ಕೆ ಕೂತಾಗ ಉಪ್ಪಿನಕಾಯಿ ಬಡಿಸಿದ ಹಾಗೆ ಒಂದೊಂದು ರೂಲ್ಸು ಬಡಿಸುತ್ತಾರೆ: “ಸೇತುವೆ ಮೇಲೆ, ತಿರುವಲ್ಲಿ, ಬಸ್‌ಸ್ಟಾಪಲ್ಲಿ ಗಾಡಿ ನಿಲ್ಲಿಸ್ಬಾರ್ದು ಕಣೋ. ಆದ್ರೆ ಪೊಲೀಸ್ನೋನು ಕೈ ಎತ್ತಿದ್ರೆ ಎಲ್ಲಿದ್ರೂ ನಿಲ್ಲಿಸ್ಬೇಕು. ಅವನ ಕೈ ಬೋರ್ಡಿಗಿಂತ ಮೇಲು.”

ದಂಡವನ್ನೇ ಕಾಣದ ಈ ಮನುಷ್ಯ ನನ್ನನ್ನು ಕಂಡರೆ ಮಾತ್ರ ‘ದಂಡಪಿಂಡ’ ಅನ್ನುತ್ತಿದ್ದರು. ಕಾರಣವಿತ್ತು. ಕಾರು ನನ್ನ ಹೆಸರಿನಲ್ಲಿದೆ, ಲೈಸೆನ್ಸ್ ಮಾತ್ರ ನನ್ನ ಹೆಸರಿನಲ್ಲಿಲ್ಲ. ಡ್ರೈವಿಂಗ್ ಟೆಸ್ಟಿನಲ್ಲಿ ಎಂಟು ಹಾಕು ಅಂದರೆ ಎರಡು ಸಲವೂ ಸೊನ್ನೆ ಹಾಕಿ ಬಂದವನು ನಾನು. ಹಾಗಾಗಿ ಸ್ಟೀರಿಂಗು ದೊಡ್ಡಪ್ಪನ ಕೈಯಲ್ಲಿತ್ತು. ಗೋವಿಂದರಾಜನಗರದ ನಮ್ಮ ಬೀದಿಯವರು ಮುಂದಿನ ಭಾನುವಾರ ಅವರಿಗೆ ಸನ್ಮಾನ ಇಟ್ಟುಕೊಂಡಿದ್ದರು. ಮೂರು ದಿನದಿಂದ ಅವರು ಭಾಷಣ ಬಾಯಿಪಾಠ ಮಾಡುತ್ತಿದ್ದರು. ಭಾಷಣದಲ್ಲಿ ಇದ್ದದ್ದು ಒಂದೇ ವಿಷಯ: ಗೀರಿಲ್ಲ, ದಂಡವಿಲ್ಲ. ಉದಾಹರಣೆಗೆ, ಹೆಸರು ಹೇಳದೆ, ನಾನು.

ಶುಕ್ರವಾರ ಬೆಳಿಗ್ಗೆ ಹನ್ನೊಂದಕ್ಕೆ ನಾನು ವಿಜಯನಗರದಲ್ಲಿ ಗೆಳೆಯ ಭೈರೇಶನ ಪ್ರಿಂಟಿಂಗ್ ಅಂಗಡಿಯಲ್ಲಿದ್ದೆ. ಸನ್ಮಾನದ ಬ್ಯಾನರ್ ಮೆಷಿನ್ನಿನಿಂದ ಗೆರೆ ಗೆರೆಯಾಗಿ ಹೊರಗೆ ಬರುತ್ತಿತ್ತು. ಮೊದಲು ನಮ್ಮ ಬೀದಿಯ ಸಂಘದ ಹೆಸರು, ಅದರ ಕೆಳಗೆ ದೊಡ್ಡಪ್ಪನ ನೆತ್ತಿ. ಆ ನೆತ್ತಿಯನ್ನು ನೋಡಿದ್ದೇ ನನ್ನ ಗಂಟಲಲ್ಲಿ ನವೆ ಶುರುವಾಯಿತು.

“ಮಗಾ, ನಿನ್ನ ಫೋನ್ ಕೊಡು,” ಅಂದೆ.

“ಯಾಕೋ?”

“ದೊಡ್ಡಪ್ಪಂಗೆ ಮೊದಲನೇ ದಂಡ ಹಾಕ್ತೀನಿ.”

ನನ್ನ ಲೆಕ್ಕ ಹೀಗಿತ್ತು. ದೊಡ್ಡಪ್ಪ, ದೊಡ್ಡಮ್ಮ ಹತ್ತು ಗಂಟೆಗೆ ಕೆಂಗೇರಿಯ ಮಗಳ ಮನೆಗೆ ಹೊರಡುವವರಿದ್ದರು. ಇಷ್ಟು ಹೊತ್ತಿಗೆ ಅಲ್ಲಿಯ ಸೋಫಾದ ಮೇಲೆ ಕೂತು ಕಾಫಿ ಕುಡಿಯುತ್ತಿರುತ್ತಾರೆ. ಸೋಫಾದ ಮೇಲೆ ಕೂತವರಿಗೆ ‘ಗಾಡಿ ಸೈಡಿಗೆ ಹಾಕ್ರಿ’ ಅಂದರೆ ಎಷ್ಟು ಚೆನ್ನ! ಆದರೆ ದೊಡ್ಡಮ್ಮನ ಹಿದುಕಿದ ಅವರೆಬೇಳೆ ಸಾರು ನನ್ನ ಲೆಕ್ಕದಲ್ಲಿ ಸೇರಿರಲಿಲ್ಲ. ಅದು ಕುದಿಯಲು ಮುಕ್ಕಾಲು ಗಂಟೆ ಜಾಸ್ತಿ ತೆಗೆದುಕೊಂಡಿತ್ತು.

ಫೋನು ಎತ್ತಿದ ಸದ್ದು ಬಂದದ್ದೇ ತಡ, ಎದೆಯ ತಳದಿಂದ ಒಬ್ಬ ಇನ್‌ಸ್ಪೆಕ್ಟರನ್ನು ಎಬ್ಬಿಸಿದೆ. “ಹಲೋ! ವೆಂಕಟರಮಣಪ್ಪ ಏನ್ರೀ? ಟ್ರಾಫಿಕ್ ಇನ್‌ಸ್ಪೆಕ್ಟರ್ ಮಾತಾಡ್ತಿರೋದು. ಮೊದ್ಲು ಗಾಡಿ ಸೈಡಿಗೆ ಹಾಕ್ರಿ. ಎಂಜಿನ್ ಆಫ್ ಮಾಡ್ರಿ. ಆಮೇಲೆ ಮಾತು!”

“ರೀ, ಪೊಲೀಸ್ನೋರಂತೆ! ನಿಲ್ಲಿಸ್ಬೇಕಂತೆ!” ಅದು ದೊಡ್ಡಮ್ಮ ಮುನಿತಾಯಮ್ಮನ ಧ್ವನಿ. ಸ್ಪೀಕರ್ ಒತ್ತಿದ ಸದ್ದು. ಇಂಡಿಕೇಟರಿನ ಟಿಕ್ ಟಿಕ್. ಎಂಜಿನ್ ಒಮ್ಮೆ ನಡುಗಿ ನಿಂತಿತು. ಆಮೇಲೆ ದೊಡ್ಡಪ್ಪನ ಧ್ವನಿ ಬಂತು, ಸ್ಕೂಲ್ ಹುಡುಗನ ಧ್ವನಿ. “ನಿಲ್ಲಿಸಿದೀನಿ ಸಾರ್. ಆಫ್ ಮಾಡಿದೀನಿ. ಹೇಳಿ ಸಾರ್.”

ಭೈರೇಶ್ ಬಾಯಿಗೆ ಕರ್ಚೀಫ್ ತುರುಕಿಕೊಂಡು ನಗುತ್ತಿದ್ದ. ನನಗೆ ನಗು ಬರಲಿಲ್ಲ. ಫೋನಿನಲ್ಲಿ ಬರೀ ಗಾಳಿ. ಬೀದಿಯ ಸದ್ದಿಲ್ಲ, ತಳ್ಳುಗಾಡಿಯವರ ಕೂಗಿಲ್ಲ. ನಡುನಡುವೆ ‘ಡಗ್‌ಡಗ್, ಡಗ್‌ಡಗ್’. ಆ ಸದ್ದು ನನ್ನ ಕಿವಿಗೆ ಗೊತ್ತು. ಮೇಲ್ಸೇತುವೆಯ ಎರಡು ತುಂಡುಗಳ ನಡುವಿನ ಕಬ್ಬಿಣದ ಪಟ್ಟಿ ದಾಟುವಾಗ ಚಕ್ರಗಳು ಮಾಡುವ ಸದ್ದು.

“ಎಲ್ಲಿ ನಿಲ್ಲಿಸಿದೀರಿ?”

“ನಾಯಂಡಹಳ್ಳಿ ಫ್ಲೈಓವರ್ ಮೇಲೆ ಸಾರ್. ತಿರುವು ದಾಟಿ ಏರಲ್ಲಿದೀನಿ. ಗೊತ್ತು ಸಾರ್, ಇಲ್ಲಿ ನಿಲ್ಲಿಸ್ಬಾರ್ದು. ಆದ್ರೆ ತಾವೇ ಹೇಳಿದ್ರಲ್ಲ.”

ಹಿಂದಿನಿಂದ ಒಂದು ಬಸ್ಸು ಕಿರುಚಿಕೊಂಡು ಪಕ್ಕಕ್ಕೆ ಹೊರಳಿ ಹೋಯಿತು. ತಿರುವು ದಾಟಿದ ಮೇಲೇ ಅದಕ್ಕೆ ಕಾರು ಕಂಡದ್ದು ಎಂದು ಹಾರ್ನಿನಲ್ಲೇ ಗೊತ್ತಾಯಿತು.

“ಹೊರಡ್ರೀ! ಮೊದ್ಲು ಅಲ್ಲಿಂದ ಹೊರಡಿ!”

ಕೀ ತಿರುಗಿತು. ಕಿಚ್‌ಕಿಚ್‌ಕಿಚ್. ಟಕ್. ಇನ್ನೊಂದು ಸಲ. ಬರೀ ಟಕ್.

“ಬ್ಯಾಟರಿ ಸಾರ್. ನಮ್ಮ ಹುಡುಗನಿಗೆ ಒಂದ್ ತಿಂಗಳಿಂದ ಹೇಳ್ತಿದೀನಿ ಬದಲಾಯ್ಸೋ ಅಂತ. ನಾಳೆ ನಾಳೆ ಅಂತಾನೆ.”

ಇನ್‌ಸ್ಪೆಕ್ಟರನ್ನು ಅಲ್ಲೇ ಬಿಟ್ಟು ನನ್ನ ಸ್ವಂತ ಧ್ವನಿಯಲ್ಲಿ ಕೂಗಿದೆ. “ದೊಡ್ಡಪ್ಪಾ, ನಾನು ಹನುಮೇಶ! ಇಳೀರಿ, ಇಬ್ರೂ ಕಾರಿಂದ ಇಳೀರಿ!”

“ಯಾರೋ, ಹನುಮೇಶನಾ? ಮಧ್ಯ ಬರ್ಬೇಡ ಕಣೋ. ಲೈನಲ್ಲಿ ಸಾಹೇಬ್ರು ಇದಾರೆ. ಅವ್ರು ಹೇಳೋವರ್ಗೂ ಇಳಿಯಂಗಿಲ್ಲ.”

“ಸಾಹೇಬ್ರು ನಾನೇ ದೊಡ್ಡಪ್ಪಾ!”

“ಇಡೋ ಫೋನು ದಂಡಪಿಂಡ! ಸಾರ್, ಸಾರ್, ಇದೀರಾ ಸಾರ್?”

ಮೂವತ್ತನಾಲ್ಕು ವರ್ಷ ನಿಯಮಕ್ಕೆ ತಲೆಬಾಗಿದ ಮನುಷ್ಯ ನನ್ನ ಮಾತು ಕೇಳುವುದಿಲ್ಲ. ಆ ಖಾಕಿ ಧ್ವನಿಯ ಮಾತು ಮಾತ್ರ ಕೇಳುತ್ತಾರೆ. ನನ್ನ ಫೋನನ್ನು ಭೈರೇಶನ ಕೈಗೆ ತುರುಕಿದೆ. “ನೂರಾ ಹನ್ನೆರಡಕ್ಕೆ ಮಾಡೋ. ನಾಯಂಡಹಳ್ಳಿ ಫ್ಲೈಓವರು, ಕಾರು ಕೆಟ್ಟಿದೆ ಅನ್ನು. ಬೇಗ!” ಅವನ ಕರ್ಚೀಫ್ ನೆಲಕ್ಕೆ ಬಿತ್ತು. ಮೆಷಿನ್ನು ದೊಡ್ಡಪ್ಪನ ಹುಬ್ಬು ಮುಗಿಸಿ ಕಣ್ಣಿಗೆ ಬಂದಿತ್ತು.

ಮತ್ತೆ ಇನ್‌ಸ್ಪೆಕ್ಟರಾದೆ. ಜೀವಮಾನದಲ್ಲಿ ಅಷ್ಟು ಕಷ್ಟಪಟ್ಟು ಯಾರ ಧ್ವನಿಯನ್ನೂ ಹಿಡಿದಿಲ್ಲ. “ಇದೀನ್ರೀ. ಸರಿಯಾಗಿ ಕೇಳಿ. ಇಬ್ರೂ ಎಡಗಡೆ ಬಾಗಿಲಿಂದ ಇಳೀರಿ. ಗೋಡೆಗೆ ಒತ್ಕೊಂಡು ಮುಂದಕ್ಕೆ ನಡೀರಿ. ಕಾರಿನ ಹತ್ರ ನಿಲ್ಬೇಡಿ.”

“ಆಯ್ತು ಸಾರ್. ಏಯ್, ಇಳಿಯೇ.”

“ಸಾರಿನ ಪಾತ್ರೆ ತಗೋತೀನಿ ಇರಿ.”

“ಅಮ್ಮಾ, ಪಾತ್ರೆ ಬಿಟ್ಟು ಇಳೀರಿ! ಪೊಲೀಸ್ ಆರ್ಡರ್!”

“ಏನ್ ಸಾಹೇಬ್ರೇ ನೀವು? ಬೆಳಿಗ್ಗೆ ಐದು ಗಂಟೆಯಿಂದ ಒಂದೊಂದೇ ಕಾಳು ಹಿದುಕಿದೀನಿ. ನಿಮ್ಮನೇಲಿ ಯಾರೂ ಸಾರು ಮಾಡಲ್ವಾ?”

ಡಗ್‌ಡಗ್. ಡಗ್‌ಡಗ್. ದೊಡ್ಡಮ್ಮನ ಮುಂದೆ ಪೊಲೀಸು ನಡೆಯುವುದಿಲ್ಲ ಎಂದು ನನಗೆ ಗೊತ್ತಿರಬೇಕಿತ್ತು. “ಹಾಗಾದ್ರೆ ಪಾತ್ರೆ ಹಿಡ್ಕೊಂಡೇ ಇಳೀರಿ ತಾಯಿ, ದಮ್ಮಯ್ಯ!”

ಬಾಗಿಲು ತೆರೆಯಿತು. ಮುಚ್ಚಿತು. ದೊಡ್ಡಮ್ಮನ ಉಸಿರು, ಪಾತ್ರೆಯ ಹಿಡಿ ಬಳೆಗೆ ತಗಲುವ ಸದ್ದು. ನಡೆಯುತ್ತಿದ್ದಾರೆ. ಬದುಕಿದೆ ಅಂದುಕೊಂಡೆ.

“ದೊಡ್ಡಪ್ಪ... ಯಜಮಾನ್ರು ಜೊತೇಲಿದಾರಾ?”

“ಇಲ್ಲ ಸಾರ್. ಡಿಕ್ಕಿ ತೆಗೀತಾವ್ರೆ. ಆ ಕೆಂಪು ತ್ರಿಕೋನ ಇಡ್ಬೇಕಂತೆ, ಐವತ್ತು ಮೀಟರ್ ಹಿಂದೆ.”

“ಬೇಡ ಅನ್ರೀ! ಹಿಂದಕ್ಕೆ ಹೋಗ್ಬೇಡಿ ಅನ್ನಿ!”

“ರೀ! ಸಾಹೇಬ್ರು ಬೇಡ ಅಂತಾವ್ರೆ!”

ದೂರದಿಂದ ದೊಡ್ಡಪ್ಪನ ಧ್ವನಿ ಗಾಳಿಯಲ್ಲಿ ಹರಿದುಹರಿದು ಬಂತು. “ಸಾಹೇಬ್ರಿಗೆ ಹೇಳು, ತಪ್ಪಾಯ್ತು ಅಂತ. ಯಾವ್ದೋ ಬೈಕ್ ಹುಡುಗ ಬಂದು ಗುದ್ದಿದ್ರೆ ಅವನ ಗತಿ? ನಿಲ್ಲಿಸಿದೋನು ನಾನಲ್ವಾ!”

ಖಾಕಿ ಧ್ವನಿಯನ್ನೂ ಅವರು ಮೀರಿದ್ದು ಅದೇ ಮೊದಲು. ಇನ್ನು ನನ್ನ ಬಳಿ ಯಾವ ಧ್ವನಿಯೂ ಉಳಿದಿರಲಿಲ್ಲ.

ಆಗ ಕೇಳಿಸಿತು. ನೀರಿನ ಟ್ಯಾಂಕರು. ತುಂಬಿದ ಟ್ಯಾಂಕರು, ಖಾಲಿಯದು ಹಾಗೆ ಗುಡುಗುವುದಿಲ್ಲ. ಏರನ್ನೂ ಲೆಕ್ಕಿಸದೆ ವೇಗವಾಗಿ ಬರುತ್ತಿತ್ತು. ಡಗ್‌ಡಗ್ ಒಂದು ಪಟ್ಟಿ. ಡಗ್‌ಡಗ್ ಇನ್ನೊಂದು. ಹಾರ್ನ್ ಬಾಯಿಬಿಟ್ಟು ಮುಚ್ಚಲೇ ಇಲ್ಲ. ಬ್ರೇಕಿನ ಚೀತ್ಕಾರ, ಪ್ಲಾಸ್ಟಿಕ್ ಪುಡಿಯಾದ ಸದ್ದು, ದೊಡ್ಡಮ್ಮನ ಕೂಗು. ಅವರ ಫೋನು ನೆಲಕ್ಕೆ ಬಿದ್ದ ಸದ್ದು.

ಆಮೇಲೆ ಏನೂ ಇಲ್ಲ.

ಮೆಷಿನ್ನು ಮಾತ್ರ ತನ್ನ ಪಾಡಿಗೆ ಓಡಾಡುತ್ತಿತ್ತು. ಮೂಗು, ಮೀಸೆ, ಗಲ್ಲ ಮುಗಿದು ‘34 ವರ್ಷ’ ಎಂಬ ಅಕ್ಷರಗಳ ತಲೆ ಕಾಣಿಸತೊಡಗಿತ್ತು. ಭೈರೇಶ್ ನನ್ನ ಮುಖ ನೋಡಿ ಮೆಲ್ಲಗೆ ಕೇಳಿದ: “ನಿಲ್ಲಿಸ್ಲಾ ಮಗಾ?”

ಫೋನನ್ನು ಕಿವಿಗೆ ಒತ್ತಿ ಹಿಡಿದುಕೊಂಡೆ. ಎಷ್ಟು ಹೊತ್ತು ಹಾಗೆ ಕೂತಿದ್ದೆನೋ. ‘34’ರ ಕಾಲುಗಳು ಮೂಡುವಷ್ಟು ಹೊತ್ತು. ಆಮೇಲೆ ಫೋನಿನ ಆಳದಿಂದ ಒಂದು ಧ್ವನಿ ಬಂತು.

“ಏನಪ್ಪಾ, ಫ್ಲೈಓವರ್ ಮೇಲೆ ಇಷ್ಟು ಸ್ಪೀಡಾ? ಬೋರ್ಡು ನೋಡಲ್ವಾ ನೀನು? ಲೈಸೆನ್ಸ್ ಕೊಟ್ಟೋರು ಯಾರು ನಿಂಗೆ?”

ನಾನು ಮೇಜಿನ ಮೇಲೆ ತಲೆಯಿಟ್ಟು ಅತ್ತುಬಿಟ್ಟೆ. ಟ್ಯಾಂಕರು ಕಾರಿಗೆ ಒಂದು ಮಾರು ಹಿಂದೆ ನಿಂತಿತ್ತು. ದೊಡ್ಡಪ್ಪ ತ್ರಿಕೋನ ಇಟ್ಟು ಗೋಡೆಗೆ ಸರಿದಿದ್ದರು, ಪುಡಿಯಾದದ್ದು ತ್ರಿಕೋನ. ಅದನ್ನು ಕಂಡೇ ಡ್ರೈವರು ಬ್ರೇಕ್ ಒತ್ತಿದ್ದ. ಕಾರಿಗೆ ಒಂದು ಗೀರೂ ಇರಲಿಲ್ಲ. ಸಾರೂ ಚೆಲ್ಲಿರಲಿಲ್ಲ, ದೊಡ್ಡಮ್ಮ ಕೈಬಿಟ್ಟದ್ದು ಫೋನನ್ನು, ಪಾತ್ರೆಯನ್ನಲ್ಲ.

ಕಥೆ ಇಲ್ಲಿಗೆ ಮುಗಿಯಬಹುದಿತ್ತು, ನಾನು ಫೋನ್ ಇಟ್ಟಿದ್ದರೆ. ಅಷ್ಟರಲ್ಲಿ ಬೈಕೊಂದು ಬಂದು ನಿಂತ ಸದ್ದು. ಭೈರೇಶ್ ನೂರಾ ಹನ್ನೆರಡಕ್ಕೆ ಮಾಡಿದ ಕರೆಯ ಫಲ.

“ಯಾರ್ರೀ ಗಾಡಿ ನಿಲ್ಲಿಸಿದ್ದು?” ನಿಜವಾದ ಖಾಕಿ. ಆ ಧ್ವನಿಯನ್ನು ಕೇಳಿದ ಮೇಲೆ ನನ್ನದು ಎಂಥ ನಕಲು ಎಂದು ಗೊತ್ತಾಯಿತು. ನಿಜವಾದ ಪೊಲೀಸು ಕೂಗುವುದೇ ಇಲ್ಲ.

“ನಾನೇ ಸಾರ್. ನಿಮ್ಮ ಇನ್‌ಸ್ಪೆಕ್ಟರ್ ಸಾಹೇಬ್ರೇ ನಿಲ್ಲಿಸು ಅಂದ್ರು. ಲೈನಲ್ಲೇ ಇದಾರೆ, ಮಾತಾಡಿ.”

ಫೋನು ಕೈ ಬದಲಾಯಿಸಿತು, ಸ್ಪೀಕರ್ ಆಫ್ ಆಯಿತು. “ನಮಸ್ತೆ ಸಾರ್. ಎಎಸ್‌ಐ ಕೆಂಪಯ್ಯ. ತಾವು ಯಾವ ಸ್ಟೇಷನ್ನು ಸಾರ್?”

ಭೈರೇಶ್ ‘ಕಟ್ ಮಾಡು, ಕಟ್ ಮಾಡು’ ಎಂದು ಕೈಸನ್ನೆ ಮಾಡುತ್ತಿದ್ದ. ಕಟ್ ಮಾಡಿದ್ದರೆ ದೊಡ್ಡಪ್ಪ ಆ ಸೇತುವೆಯ ಮೇಲೆ ಸುಳ್ಳುಗಾರರಾಗಿ ನಿಲ್ಲುತ್ತಿದ್ದರು. ಅದೂ ಆ ವಯಸ್ಸಿನಲ್ಲಿ, ಪೊಲೀಸಿನವರ ಮುಂದೆ.

“ಯಾವ ಸ್ಟೇಷನ್ನೂ ಅಲ್ಲ ಸಾರ್. ಅವರ ತಮ್ಮನ ಮಗ. ತಮಾಷೆಗೆ... ಅವ್ರು ಮನೇಲಿದಾರೆ ಅಂದ್ಕೊಂಡು ಮಾಡ್ದೆ ಸಾರ್. ಅವರ ತಪ್ಪೇನೂ ಇಲ್ಲ.”

ಕೆಂಪಯ್ಯ “ಓಹೋ” ಅಂದರು. ಮತ್ತೆ ಸ್ಪೀಕರ್ ಒತ್ತಿದರು. “ಈಗ ಹೇಳಿದ್ದನ್ನ ಇನ್ನೊಂದ್ಸಲ ಹೇಳಪ್ಪ. ಹಿರಿಯರು ಕೇಳಿಸ್ಕೊಳ್ಳಲಿ.”

ಹೇಳಿದೆ. ನನ್ನದೇ ಧ್ವನಿಯಲ್ಲಿ, ಒಂದೂ ತಿರುವಿಲ್ಲದೆ.

“ಅಂದ್ರೆ ಆಗ ಲೈನಲ್ಲಿ ಬಂದಿದ್ದೂ ನೀನೇ, ಸಾಹೇಬ್ರೂ ನೀನೇ,” ಅಂದರು ದೊಡ್ಡಪ್ಪ. ಬೈಗುಳ ಬರಲಿಲ್ಲ. ಬಂದಿದ್ದರೆ ಚೆನ್ನಾಗಿರುತ್ತಿತ್ತು.

“ಪೊಲೀಸ್ ಅಂತ ಹೇಳ್ಕೊಂಡ್ರೆ ಕೇಸಾಗುತ್ತೆ, ಗೊತ್ತಾ?” ಅಂದರು ಕೆಂಪಯ್ಯ. “ಸಂಜೆ ಐದಕ್ಕೆ ಸ್ಟೇಷನ್ನಿಗೆ ಬಾ. ಬರುವಾಗ ಸ್ವಂತ ಧ್ವನಿ ತಗೊಂಡು ಬಾ. ಯಜಮಾನ್ರೇ, ನಿಮ್ಮ ತಪ್ಪಿಲ್ಲ ನಿಜ, ಆದ್ರೆ ಗಾಡಿ ಸೇತುವೆ ಮೇಲೆ ನಿಂತಿದೆ, ಹಿಂದೆ ಅರ್ಧ ಕಿಲೋಮೀಟರ್ ಜಾಮಿದೆ. ನೋಟಿಸ್ ಹಾಕ್ಲೇಬೇಕು.”

“ಹಾಕಿ ಸಾರ್. ರೂಲ್ಸು ರೂಲ್ಸೇ.” ದೊಡ್ಡಪ್ಪನ ಧ್ವನಿ ಒಡೆದಿತ್ತು. “ಭಾನುವಾರದ್ದು ಬೇಡ ಅಂತ ಹೇಳ್ಬಿಡ್ತೀನಿ ಕಣೇ. ಇನ್ನೇನ್ ಮುಖ ಇಟ್ಕೊಂಡು ಮಾತಾಡ್ಲಿ.”

ಬ್ಯಾನರು ಪೂರ್ತಿ ಹೊರಬಂದು ಮಡಿಕೆ ಬಿದ್ದಿತ್ತು. ‘ಒಂದು ಗೀರಿಲ್ಲ, ಒಂದು ದಂಡವಿಲ್ಲ.’ ನಾನು ಅದರ ಮೇಲಿನ ಮುಖದ ಕಡೆ ನೋಡಲಿಲ್ಲ.

ಕೆಂಪಯ್ಯನ ಕೈಯಂತ್ರ ‘ಕೀಂ’ ಅಂದಿತು. ನಂಬರ್ ಪ್ಲೇಟಿನ ಫೋಟೋ. “ನೋಟಿಸು ಗಾಡಿ ಮಾಲೀಕರ ಹೆಸರಿಗೆ ಹೋಗುತ್ತೆ. ಇಲ್ಲಿ ಹನುಮೇಶ ಅಂತಿದೆ. ಯಾರು ಹನುಮೇಶ?”

ಅದೇ ಹೊತ್ತಿಗೆ ಭೈರೇಶನ ಕೈಯಲ್ಲಿದ್ದ ನನ್ನ ಫೋನು ‘ಟಿಣ್’ ಅಂದಿತು. ಅವನು ಗಟ್ಟಿಯಾಗಿ ಓದಿದ. “ಸಂಚಾರಕ್ಕೆ ಅಡ್ಡಿ, ಸೇತುವೆಯ ಮೇಲೆ ವಾಹನ ನಿಲುಗಡೆ. ಮಾಲೀಕರು, ಹನುಮೇಶ... ಮಗಾ, ನಿಂಗೇ ಬಂದಿದೆ!”

ಅದು ಫೋನಿನಲ್ಲಿ ಸೇತುವೆಯವರೆಗೂ ಕೇಳಿಸಿತು. ಮೊದಲು ಕೆಂಪಯ್ಯನ ಮೂಗಿನಿಂದ ಏನೋ ಹೊರಟಿತು. ಟ್ಯಾಂಕರಿನವನು ಕಿಸಕ್ಕೆಂದ. ದೊಡ್ಡಮ್ಮ “ಅಯ್ಯೋ ಶಿವನೇ” ಅನ್ನುತ್ತಲೇ ನಗತೊಡಗಿದರು. ಅವರೆಲ್ಲರ ಮೇಲೆ, ಹಾರ್ನುಗಳ ಮೇಲೆ, ಕಬ್ಬಿಣದ ಪಟ್ಟಿಯ ಡಗ್‌ಡಗ್‌ನ ಮೇಲೆ ದೊಡ್ಡಪ್ಪನ ನಗು ಎದ್ದಿತು. ಮೂವತ್ತನಾಲ್ಕು ವರ್ಷ ಬಸ್ಸಿನ ಎಂಜಿನ್ನಿನ ಪಕ್ಕ ಕೂತು ಮಾತಾಡಿ ಪಳಗಿದ ಎದೆಯ ನಗು. “ಬ್ಯಾಟರಿ ಅವನದು ಸಾರ್! ಆರ್ಡರೂ ಅವನದು! ಹಾಕಿ ಸಾರ್, ಇನ್ನೊಂದು ಹಾಕಿ!” ಅನ್ನುತ್ತ, ಕೆಮ್ಮುತ್ತ, ಮತ್ತೆ ನಗುತ್ತ, ಅವರು ಕಾರಿನ ಬಾನೆಟ್ಟನ್ನು ಬಡಿಯುವ ಸದ್ದು ವಿಜಯನಗರದ ಆ ಅಂಗಡಿಯಲ್ಲಿ ಸ್ಪೀಕರ್ ಇಲ್ಲದೆಯೇ ಕೇಳುತ್ತಿತ್ತು.