ಲೆನ್ಸಿಗೆ ಕಟ್ಟಿದ ಬಟ್ಟೆ

ಹಳೆಯ ಸಿನಿಮಾಗಳನ್ನು ಸರಿಪಡಿಸುವ ಸ್ಟುಡಿಯೋದಲ್ಲಿ, ಪ್ರೇಮಚಿತ್ರವೊಂದನ್ನು ಹೈ ಡೆಫಿನಿಷನ್ನಿಗೆ ತರುವ ಕೆಲಸ ಅವಳ ಪಾಲಿಗೆ ಬಂದಿತ್ತು. ನಾಲ್ಕು ತಿಂಗಳು ಪಟ್ಟು ಹಿಡಿದು ಕೂತು ರೀಲುಗಳ ಗೀರು, ಧೂಳು, ಬೂಷ್ಟು ಎಲ್ಲವನ್ನೂ ತೆಗೆದಳು. ನಾಯಕಿ ರೈಲು ಹತ್ತುವ ದೃಶ್ಯದ ಮಬ್ಬನ್ನು ಮಾತ್ರ ಮುಟ್ಟಲಿಲ್ಲ.

ಮ್ಯಾನೇಜರ್ ಪರದೆ ನೋಡಿ ಮುಖ ಸಿಂಡರಿಸಿದ. "ಏನಮ್ಮಾ ಇದು, ಮುಖಾನೇ ಸರಿಯಾಗಿ ಕಾಣ್ತಿಲ್ಲ. ರೆಪ್ಪೆಗೂದಲು ಎಣಿಸೋ ಹಾಗಿರಬೇಕು."

"ಸರ್, ಅದು ಕೊಳೆಯಲ್ಲ. ಕ್ಯಾಮೆರಾಮನ್ ಬೇಕಂತಲೇ ಲೆನ್ಸಿಗೆ ತೆಳು ಬಟ್ಟೆ ಕಟ್ಟಿದ್ರು. ನಾಯಕ ಕಣ್ಣಲ್ಲಿ ನೀರು ತುಂಬ್ಕೊಂಡು ಅವಳನ್ನ ನೋಡ್ತಿದ್ದಾನೆ, ಅವನ ಕಣ್ಣಿಗೆ ಕಂಡ ಹಾಗೇ ಮಬ್ಬು."

"ಯಾರು ಹೇಳಿದ್ದು?"

"ಅವರೇ. ಎಂಬತ್ತೆಂಟು ವರ್ಷ, ಕಿವಿ ಮಂದ. ಫೋನಲ್ಲಿ ಮೂರು ಸಲ ಕೂಗಿ ಕೇಳಿದೆ."

"ನೀನು ಮಾಡದಿದ್ರೆ ಬೇರೆಯವರು ಮಾಡ್ತಾರೆ."

"ಮಾಡಿಸಿ. ಟೈಟಲ್ ಕಾರ್ಡಿಂದ ನನ್ನ ಹೆಸರು ತೆಗೀರಿ. ನನ್ನ ಹೆಸರು ಯಾಕಿಲ್ಲ ಅಂತ ಕೇಳಿದೋರಿಗೆಲ್ಲ ನಾನೇ ಹೇಳ್ತೀನಿ."

ಅವನು ಹಟಕ್ಕೆ ಬಿದ್ದು ಇನ್ನೊಬ್ಬನ ಕೈಲಿ ಮಾಡಿಸಿದ. ಚಿತ್ರದ ಹಕ್ಕಿದ್ದ ನಿರ್ಮಾಪಕರ ಮಗಳು ಬಂದು ಎರಡನ್ನೂ ನೋಡಿದಳು. ಹೊಸದರಲ್ಲಿ ನಾಯಕಿಯ ಮುಖ ಮೇಣದ ಗೊಂಬೆಯಂತೆ ನುಣುಪಾಗಿತ್ತು, ಕೆನ್ನೆಯ ಕಣ್ಣೀರೂ ಅಳಿಸಿಹೋಗಿತ್ತು.

"ಇವಳ್ಯಾರು?" ಎಂದು ಪರದೆಯ ಮೇಲಿನ ಆ ಮುಖವನ್ನು ತೋರಿಸಿ ಕೇಳಿದಳು ಮಗಳು.

ಮಬ್ಬು ದೃಶ್ಯವೇ ಥಿಯೇಟರಿಗೆ ಹೋಯಿತು. ಅಂದಿನಿಂದ ಮ್ಯಾನೇಜರ್ ಅವಳನ್ನು ಮಾತಾಡಿಸುವುದನ್ನೇ ಬಿಟ್ಟ. ಅವಳಿಗೆ ಅದರಿಂದ ಕೆಲಸ ಇನ್ನಷ್ಟು ಸಲೀಸಾಯಿತು.