ಜಗ್ಗಿ ನೋಡುವ ದ್ವಾರಕಾಬಾಯಿ

ಹಾಕಿದ ಕೀಲಿಯನ್ನು ಜಗ್ಗಿ ನೋಡದೆ ದ್ವಾರಕಾಬಾಯಿ ಹೆಜ್ಜೆ ಕಿತ್ತವರಲ್ಲ; ಜಗ್ಗಿ, ಅಂಗಳ ದಾಟಿ, ಬಸ್ ಹತ್ತುವ ಹೊತ್ತಿಗೆ ಮತ್ತೆ ಸಂಶಯ ಹುಟ್ಟಿ, ಸೀರೆಯ ಮೇಲೆ ತೊಟ್ಟ ಗಂಡನ ಹಳೆಯ ಕಂದು ಕೋಟಿನ ಜೇಬಿಗೆ ಕೈಯಿಳಿಸಿ, ಎಡಕ್ಕೆ ವಾಲುವ ಅವಸರದ ನಡಿಗೆಯಲ್ಲಿ ಹಿಂದಿರುಗಿ ಇನ್ನೊಮ್ಮೆ ಜಗ್ಗುವವರು. ಕುಂದಗೋಳದ ಕಂಡಕ್ಟರುಗಳು “ಜಗ್ಗಿ ಬಂದ್ರೇನ್ರಿ ಬಾಯಾರ?” ಎಂದು ಕೇಳಿಯೇ ಸೀಟಿ ಊದುತ್ತಿದ್ದರು.

ನೊಂದ ಹೆಂಗಸರಿಗೆ ನೆರವಾಗುವ ಸಣ್ಣ ಸಂಸ್ಥೆಯಲ್ಲಿ ಅವರ ಕೆಲಸ. ಬಂದವರ ಮಾತನ್ನು ಧ್ವನಿಮುದ್ರಿಸಿ, ದೂರದ ಕಂಪನಿಯೊಂದರ ಕ್ಲೌಡ್ ಉಗ್ರಾಣಕ್ಕೆ ಕಳಿಸಬೇಕು. ಉಗ್ರಾಣದ ಪಾಸ್‌ವರ್ಡ್ ಸಂಸ್ಥೆಯ ಅಧ್ಯಕ್ಷರ ಬಳಿಯೂ ಇತ್ತು. ಗುಡಿಯ ಬಾಗಿಲಿನ ಕೀಲಿಕೈ ಯಾರ ಹತ್ತಿರವೇ ಇರಲಿ, ಹುಂಡಿಯದು ಬೇರೆಯೇ ಇರಬೇಕೆಂಬುದು ದ್ವಾರಕಾಬಾಯಿಯ ಮತ. ಆದ್ದರಿಂದ ಕಳಿಸುವ ಮೊದಲೇ ಪ್ರತಿ ಮಾತನ್ನೂ ತಮ್ಮ ಕಂಪ್ಯೂಟರಿನಲ್ಲಿ ಗೂಢಲಿಪಿಗೆ ತಿರುಗಿಸುತ್ತಿದ್ದರು. ಅದನ್ನು ಬಿಚ್ಚುವ ಗುಪ್ತಪದ ಅವರೊಬ್ಬರಿಗೇ ಗೊತ್ತು. ಕಳಿಸಿದ್ದನ್ನು ಮರಳಿ ಇಳಿಸಿಕೊಂಡು, ಗುಪ್ತಪದವಿಲ್ಲದೆ ತೆರೆಯುತ್ತದೆಯೇ ಎಂದೂ ನೋಡುತ್ತಿದ್ದರು. ಅಲ್ಲಿಯೂ ಜಗ್ಗುವುದೇ!

ಸಾವಿತ್ರೆವ್ವ ಕುಡಗೋಲು ಹಿಡಿದು ಬೆನ್ನತ್ತಿದ ಗಂಡನಿಂದ ತಪ್ಪಿಸಿಕೊಂಡು ಬಂದವಳು. ಯಾವ ಊರಿನಲ್ಲಿ, ಯಾರ ಮನೆಯಲ್ಲಿ ಅಡಗುತ್ತೇನೆಂಬುದನ್ನೂ ತನ್ನ ಧ್ವನಿಮುದ್ರಣದಲ್ಲೇ ಹೇಳಿ ಹೋಗಿದ್ದಳು. ವಾರ ಕಳೆಯುವುದರೊಳಗೆ ಗಂಡ ಕಾಶಿನಾಥ, ಹೆಂಡತಿ ಎಲ್ಲಿದ್ದಾಳೆಂದು ಕೇಳುತ್ತ ಸಂಸ್ಥೆಗೇ ಬಂದು ಕೂತ. ಸಂಬಂಧದಲ್ಲಿ ಅವನು ಅಧ್ಯಕ್ಷರಿಗೆ ಬೀಗನಾಗಬೇಕು. ಅಧ್ಯಕ್ಷರು ತಾವೇ ಕಂಪ್ಯೂಟರ್ ಮುಂದೆ ಕುಳಿತು, ಪಾಸ್‌ವರ್ಡ್ ಒತ್ತಿ, ಆ ದಿನದ ಕಡತವನ್ನು ಹುಡುಕಿ ತೆಗೆದರು.

ದ್ವಾರಕಾಬಾಯಿ ಕೋಟಿನ ಜೇಬಿಗೆ ಕೈಯಿಳಿಸಿ ಆ ದಿನವನ್ನು ನೆನೆದರು. ಅಂದು ನಡುವೆಯೇ ಕರೆಂಟು ಹೋಗಿತ್ತು, ಸಾವಿತ್ರೆವ್ವ ಬಿಕ್ಕುತ್ತಿದ್ದಳು, ಅವಳನ್ನು ಬಸ್ಸಿಗೆ ಹತ್ತಿಸುವ ಗಡಿಬಿಡಿ ಬೇರೆ. ಗೂಢಲಿಪಿ ಮಾಡಿಯೇ ಕಳಿಸಿದೆನೇ? ಜಗ್ಗಿ ನೋಡಿದೆನೇ? ಎಷ್ಟು ತಡಕಾಡಿದರೂ ನೆನಪಾಗಲೊಲ್ಲದು.

ಅಧ್ಯಕ್ಷರು ಒತ್ತಿದರು. ಕಾಶಿನಾಥ ಕಿವಿಗೊಟ್ಟು ಬಗ್ಗಿದ. ಧ್ವನಿಯೇ ಬರಲಿಲ್ಲ, ಗುಪ್ತಪದವಿಲ್ಲದೆ ಕಡತ ತೆರೆಯಲಾಗದೆಂದು ಪರದೆಯ ಮೇಲೆ ಮೂಡಿತು.

“ಗುಪ್ತಪದ ಹೇಳ್ರಿ ಬಾಯಾರ,” ಎಂದರು ಅಧ್ಯಕ್ಷರು.

“ಹೇಳೂದಿಲ್ರಿ.”

“ನೌಕರಿ ಹೋಗ್ತದ, ನೋಡ್ರಿ!”

“ಹೋಗ್ಲಿ ಬಿಡ್ರಿ. ಅದರಾಗ ಆಕಿ ಜೀವ ಅದ.”

ಕಾಶಿನಾಥ ಕುರ್ಚಿ ಒದ್ದು ಎದ್ದ, ಅಧ್ಯಕ್ಷರೂ ಅವನ ಹಿಂದೆ ಹೋದರು. ದ್ವಾರಕಾಬಾಯಿ ಕಂಪ್ಯೂಟರ್ ಆರಿಸಿ, ಕೋಟಿನ ಜೇಬಿನಿಂದ ಕೀಲಿಕೈ ತೆಗೆದರು. ಆಮೇಲೆ ಬಾಗಿಲಿಗೆ ಕೀಲಿ ಹಾಕಿ ಜಗ್ಗಿದರು.

ಇಂಥವರು ಊರಿಗೊಬ್ಬರು ಇದ್ದೇ ಇರುತ್ತಾರೆ. ಸಂಶಯದ ಪಿಶಾಚಿಗಳೆಂದು ನಾವು ನಗುತ್ತೇವೆ. ಆದರೆ ಜೀವಕ್ಕೆ ಎರವಾಗುವ ಗುಟ್ಟೊಂದನ್ನು ಯಾರ ಕೈಯಲ್ಲಾದರೂ ಇಡಬೇಕಾಗಿ ಬಂದಾಗ, ತಮ್ಮ ಕೈಯನ್ನೇ ನಂಬದ ಇಂಥವರ ಮನೆಯನ್ನೇ ನಾವು ಹುಡುಕಿಕೊಂಡು ಹೋಗುತ್ತೇವೆ.